ಕಾಷ್ಠ ಮದ್ಯಸಾರ

ಆ ಬಾಟಲಿಯ ಚೀಟಿ ಬರೆದವನು ನಾನು. ಅದನ್ನು ಕಿತ್ತು ತೆಗೆದವನೂ ನಾನೇ. ಈ ಎರಡರ ನಡುವಿನ ಮೂರು ದಿನಗಳಲ್ಲಿ ಒಬ್ಬರ ಕಣ್ಣು ಹೋಯಿತು. ಆಮೇಲೆ ಇನ್ನೊಬ್ಬನ ಕೆಲಸ ಹೋಯಿತು. ನನ್ನದು ಏನೂ ಹೋಗಲಿಲ್ಲ — ಸಂಬಳ, ಹೆಸರು, 'ವಿಜ್ಞಾನದ ಮಾಷ್ಟ್ರು' ಎಂಬ ಗೌರವ, ಎಲ್ಲವೂ ಇದ್ದ ಹಾಗೆಯೇ ಉಳಿಯಿತು.

ಇದನ್ನು ಇಷ್ಟು ವರ್ಷ ಯಾಕೆ ಹೇಳಲಿಲ್ಲ ಎಂದು ಕೇಳಿದರೆ ನನ್ನಲ್ಲಿ ಒಂದು ನೇರ ಉತ್ತರ ಇಲ್ಲ. ಹೆದರಿಕೆ ಅನ್ನೋಣವೆಂದರೆ, ಹೆದರುವಂಥ ದಿನಗಳು ಕಳೆದ ಮೇಲೂ ಹೇಳಲಿಲ್ಲ. ಮರೆತೆ ಅನ್ನೋಣವೆಂದರೆ, ಒಂದು ದಿನವೂ ಮರೆಯಲಿಲ್ಲ. ಹಾಗಾದರೆ ಅದು ಏನು — ಬರೆಯುತ್ತಾ ಹೋದರೆ ನನಗೇ ತಿಳಿಯಬಹುದು ಎಂಬ ಆಸೆಯಿಂದ ಬರೆಯುತ್ತಿದ್ದೇನೆ.

ಪುತ್ತೂರಿನಿಂದ ಸ್ವಲ್ಪ ಆಚೆ ಇರುವ ಒಂದು ಹೈಸ್ಕೂಲಿನಲ್ಲಿ ನಾನು ವಿಜ್ಞಾನ ಕಲಿಸುತ್ತಿದ್ದೆ. ಶಾಲೆಯ ಹೆಸರು ಬೇಡ, ತಪ್ಪು ಶಾಲೆಯದ್ದಲ್ಲ. ನಮ್ಮ ಜಿಲ್ಲೆ ಮದ್ರಾಸನ್ನು ಬಿಟ್ಟು ಮೈಸೂರು ರಾಜ್ಯಕ್ಕೆ ಸೇರಿದ ಹೊಸತು. ಕನ್ನಡದವರೆಲ್ಲ ಒಂದಾದೆವು ಎಂಬ ಹುಮ್ಮಸ್ಸು ಎಲ್ಲರಲ್ಲೂ ಇತ್ತು, ನನ್ನಲ್ಲಿ ತುಸು ಹೆಚ್ಚೇ ಇತ್ತು. ನನಗಾಗ ಇಪ್ಪತ್ತಾರು. ಮದ್ರಾಸಿನಲ್ಲಿ ಬಿ.ಎಸ್ಸಿ. ಓದುವಾಗ ಪ್ರತಿಯೊಂದನ್ನೂ ಪರಭಾಷೆಯಲ್ಲಿ ಬಾಯಿಪಾಠ ಮಾಡಿದ ಸಿಟ್ಟೂ ಒಳಗೆ ಇತ್ತೋ ಏನೋ. ನಮ್ಮ ಮಕ್ಕಳು ರಸಾಯನಶಾಸ್ತ್ರವನ್ನು ಕನ್ನಡದಲ್ಲೇ ಕಲಿಯಬೇಕು, ಕನ್ನಡದಲ್ಲೇ ಯೋಚಿಸಬೇಕು ಎಂದು ಹಟ ಹಿಡಿದೆ. ಇನ್‌ಸ್ಪೆಕ್ಟರರು ಶಾಲೆ ನೋಡಲು ಬರುವವರಿದ್ದರು. ಅಷ್ಟರೊಳಗೆ ನಮ್ಮ ಲ್ಯಾಬಿನ ಒಂದೊಂದು ಬಾಟಲಿಗೂ ಕನ್ನಡದ ಹೆಸರಿನ ಚೀಟಿ ಇರಬೇಕು — ಅದು ನನ್ನ ಸಂಕಲ್ಪ.

ಲ್ಯಾಬಿನ ಅಟೆಂಡರ್ ಲಿಂಗಪ್ಪ. ಸುಳ್ಯದ ಕಡೆಯ ಗೌಡರ ಪೈಕಿ, ನನಗಿಂತ ಹತ್ತು ವರ್ಷ ದೊಡ್ಡವನು. ಐದನೆಯ ಕ್ಲಾಸಿನವರೆಗೆ ಓದಿದ್ದ. ಕನ್ನಡ ಚೆನ್ನಾಗಿ ಓದುತ್ತಿದ್ದ, ಇಂಗ್ಲಿಷ್ ಅಕ್ಷರ ಗೊತ್ತಿರಲಿಲ್ಲ. ಅವನು ಮೈದಾದ ಅಂಟು ಕಾಯಿಸಿ ತಂದ. ಹಳೆಯ ಇಂಗ್ಲಿಷ್ ಚೀಟಿಗಳನ್ನು ಒದ್ದೆ ಬಟ್ಟೆಯಿಂದ ನೆನೆಸಿ ಎಬ್ಬಿಸಿದ. ನಾನು ದಪ್ಪ ನಿಬ್ಬಿನಲ್ಲಿ ಬರೆದೆ — ಗಂಧಕಾಮ್ಲ, ಮೈಲುತುತ್ತ, ಸುಣ್ಣದ ತಿಳಿ. ಲಿಂಗಪ್ಪ ಒಂದೊಂದನ್ನೂ ಓದಿ ಅಂಟಿಸುತ್ತಿದ್ದ. "ಈಗ ನನ್ಗೂ ಗೊತ್ತಾಗ್ತದೆ ಸಾರ್, ಯಾವುದು ಎಂತ ಅಂತ," ಎಂದು ಅವನು ನಕ್ಕದ್ದು ನೆನಪಿದೆ. ಅಂದು ನನಗೆ ಆದ ಸಂತೋಷ ಸುಳ್ಳಲ್ಲ. ಅದನ್ನೂ ಹೇಳಿಬಿಡುತ್ತೇನೆ, ಯಾಕೆಂದರೆ ಆ ಸಂತೋಷವೂ ಈ ಕಥೆಯಲ್ಲಿ ಪಾಲುಗಾರ.

ಕೊನೆಯ ಕಪಾಟಿನಲ್ಲಿ ಇಂಗಾಲದ ಸಂಯುಕ್ತಗಳು. ಅಲ್ಲಿ ಸಿಕ್ಕಿಕೊಂಡೆ. 'ಆಲ್ಕೋಹಾಲ್' ಎಂಬುದಕ್ಕೆ ಕನ್ನಡದಲ್ಲಿ ಏನು?

ಊರಿನವರ ಬಾಯಲ್ಲಿ ಆಲ್ಕೋಹಾಲ್ ಎಂದರೆ ಕುಡಿಯುವ ವಸ್ತು. ರಸಾಯನಶಾಸ್ತ್ರದಲ್ಲಿ ಹಾಗಲ್ಲ. ಅಲ್ಲಿ ಅದು ಒಂದು ವಸ್ತುವಿನ ಹೆಸರೇ ಅಲ್ಲ, ಒಂದು ಮನೆತನದ ಹೆಸರು. ಇಂಗಾಲಕ್ಕೆ ಒಂದು ಆಮ್ಲಜನಕ, ಅದರ ಬೆನ್ನಿಗೆ ಒಂದು ಜಲಜನಕ — ಈ ಜೋಡಿ ಅಂಟಿಕೊಂಡಿದ್ದರೆ ಅದು ಆ ಮನೆತನಕ್ಕೆ ಸೇರಿದ್ದು. ಒಂದೇ ಇಂಗಾಲ ಇದ್ದರೆ ಮೀಥೈಲ್ ಆಲ್ಕೋಹಾಲ್. ಎರಡಿದ್ದರೆ ಈಥೈಲ್. ಕಳ್ಳಿನಲ್ಲಿ, ಸಾರಾಯಿಯಲ್ಲಿ ಇರುವುದು ಈ ಎರಡನೆಯದು ಮಾತ್ರ. ಕೆಮ್ಮಿನ ಮದ್ದಿಗೆ ಬೆರೆಸುವ ಗ್ಲಿಸರಿನ್ ಕೂಡ ರಸಾಯನಶಾಸ್ತ್ರದವನ ಲೆಕ್ಕದಲ್ಲಿ ಆಲ್ಕೋಹಾಲೇ. ಒಂದೇ ಮನೆಯ ಮಕ್ಕಳು. ಒಬ್ಬ ಮದ್ದು, ಒಬ್ಬ ಅಮಲು, ಮೊದಲನೆಯವನು — ಆ ಮೀಥೈಲ್ — ಬರೀ ವಿಷ. ನೋಡಲು ಮಂದವಾದ ಗ್ಲಿಸರಿನ್ ಒಂದನ್ನು ಬಿಟ್ಟರೆ ಉಳಿದಿಬ್ಬರೂ ನೀರಿನ ಹಾಗೆಯೇ.

ಇದೆಲ್ಲ ನನಗೆ ಗೊತ್ತಿತ್ತು. ಪರೀಕ್ಷೆಯಲ್ಲಿ ಬರೆದು ಅಂಕ ಪಡೆದವನು ನಾನು. ಆದರೂ ನಿಘಂಟು ತಿರುವಿ, ನಮ್ಮ ಕನ್ನಡ ಪಂಡಿತರೊಡನೆ ಎರಡು ದಿನ ಚರ್ಚೆ ಮಾಡಿ, 'ಮದ್ಯಸಾರ' ಎಂಬ ಶಬ್ದವನ್ನು ಆರಿಸಿಕೊಂಡೆ. ಚೆಂದದ ಶಬ್ದ, ಕಿವಿಗೆ ಗಂಭೀರ. ಮೀಥೈಲನ್ನು ಹಿಂದೆ ಕಟ್ಟಿಗೆಯನ್ನು ಮುಚ್ಚಿದ ಪಾತ್ರೆಯಲ್ಲಿ ಕಾಯಿಸಿ ಭಟ್ಟಿಯಿಳಿಸುತ್ತಿದ್ದರು ಎಂಬ ಕಾರಣಕ್ಕೆ ಅದಕ್ಕೆ 'ಕಾಷ್ಠ ಮದ್ಯಸಾರ' ಎಂದು ಹೆಸರಿಟ್ಟೆ. ಕಾಷ್ಠ ಎಂದರೆ ಮರ. ಬರೆದ ಮೇಲೆ ಸ್ವಲ್ಪ ದೂರ ನಿಂತು ನೋಡಿದೆ. ಮದ್ಯವಲ್ಲದ್ದರ ನೆತ್ತಿಯ ಮೇಲೆ ಮದ್ಯ ಎಂದು ಬರೆದಿದ್ದೇನೆ ಎಂದು ಹೊಳೆಯಲೇ ಇಲ್ಲ. ನಾನು ಶಬ್ದವನ್ನು ಪುಸ್ತಕದ ಒಳಗಿನಿಂದ ನೋಡುತ್ತಿದ್ದೆ. ಅದನ್ನು ಓದುವವರು ಹೊರಗಿದ್ದರು.

ಹಳೆಯ ಇಂಗ್ಲಿಷ್ ಚೀಟಿಯಲ್ಲಿ ಕೆಂಪಕ್ಷರದಲ್ಲಿ 'ಪಾಯಿಸನ್' ಎಂದಿತ್ತು. ಹೊಸದರಲ್ಲಿ ನಾನು 'ವಿಷ' ಎಂದು ಬರೆಯಲಿಲ್ಲ. ಕೆಂಪು ಶಾಯಿ ಮುಗಿದಿತ್ತು, ಬೇರೆ ಚೀಟಿ ಮಾಡಿ ಆಮೇಲೆ ಅಂಟಿಸುವುದೆಂದುಕೊಂಡಿದ್ದೆ. ಅದೇ ಕಾರಣವೋ — ಅಥವಾ ಒಂದೇ ಅಳತೆಯ ಕಪ್ಪಕ್ಷರಗಳ ಸಾಲು ಅಷ್ಟು ಅಂದವಾಗಿತ್ತು, ಅದನ್ನು ಕೆಡಿಸಲು ಮನಸ್ಸು ಬರಲಿಲ್ಲವೋ. ಎಷ್ಟು ಸಲ ಕೇಳಿಕೊಂಡರೂ ನಿಜ ಯಾವುದೆಂದು ನನಗೆ ಬಿಡಿಸಿಕೊಳ್ಳಲಾಗುತ್ತಿಲ್ಲ.

ಅದೇ ವಾರ ಲ್ಯಾಬಿನ ಮೇಜುಗಳಿಗೆ ಪಾಲಿಶ್ ಮಾಡಲು ಮಹಾಬಲ ಆಚಾರಿಯವರು ಬಂದಿದ್ದರು. ಬೆಟ್ಟಂಪಾಡಿಯವರು, ನಲವತ್ತರ ಆಸುಪಾಸು. ಸೀಳಿದ ಮರದ ತುಂಡನ್ನು ಬೆರಳಲ್ಲಿ ತಡವಿ ಇದು ಹಲಸು, ಇದು ಬೀಟೆ ಎನ್ನುವವರು. ಅರಗನ್ನು ಸ್ಪಿರಿಟಿನಲ್ಲಿ ಕರಗಿಸಿ, ಹತ್ತಿಯ ಉಂಡೆಯಲ್ಲಿ ಅದ್ದಿ ತಿಕ್ಕುವ ಪಾಲಿಶ್ ಅವರದು. ದೂರದಿಂದ ಬರುವುದು ಕಷ್ಟವೆಂದು ಶಾಲೆಯ ಹಿಂದಿನ ಶೆಡ್ಡಿನಲ್ಲೇ ಉಳಿದುಕೊಂಡಿದ್ದರು. ಪಾನನಿರೋಧದ ಕಾಲ, ಸ್ಪಿರಿಟು ಕೂಡ ಪರವಾನಗಿ ಇಲ್ಲದೆ ಸಿಗುತ್ತಿರಲಿಲ್ಲ. ಅವರು ತಂದದ್ದು ಕೊನೆಯ ಎರಡು ಮೇಜು ಉಳಿದಿರುವಾಗ ಮುಗಿಯಿತು.

ಮಧ್ಯಾಹ್ನದ ಬೆಲ್ಲಿಗೆ ಇನ್ನೇನು ಎರಡು ನಿಮಿಷ ಇತ್ತು. ಆಚಾರಿಯವರು ಕಪಾಟಿನ ಮುಂದೆ ನಿಂತು ಚೀಟಿಗಳನ್ನು ಒಂದೊಂದಾಗಿ ಓದುತ್ತಿದ್ದರು. ಲಿಂಗಪ್ಪ ಪಕ್ಕದಲ್ಲೇ ಗಾಜಿನ ನಳಿಗೆ ತೊಳೆಯುತ್ತಿದ್ದ.

"ಇದೆಂತ ಮಾಷ್ಟ್ರೆ, ಕಾಷ್ಠ ಮದ್ಯಸಾರ ಅಂದ್ರೆ?" ಆಚಾರಿಯವರು ಕೇಳಿದರು.

ನನ್ನ ಶಬ್ದವನ್ನು ಮೊದಲ ಬಾರಿ ಹೊರಗಿನವರೊಬ್ಬರು ಓದಿದ್ದರು. ನನಗೆ ಎಷ್ಟು ಹಿಗ್ಗಾಯಿತೆಂದರೆ — "ಕಾಷ್ಠ ಅಂದರೆ ಮರ. ಮರದಿಂದ ತೆಗೆದ ಮದ್ಯಸಾರ. ಆಲ್ಕೋಹಾಲ್," ಎಂದೆ.

"ಮರದ್ದಾ? ಹಾಗಾದ್ರೆ ನಮ್ಮ ಕಸುಬಿನದ್ದೇ ಆಯ್ತಲ್ಲ ಮಾರಾಯ್ರೆ!" ಎಂದು ಅವರು ನಕ್ಕರು. "ಅಂದ್ರೆ ಸ್ಪಿರಿಟೇ ಅಲ್ವಾ ಇದು? ಪಾಲಿಶಿಗೆ ಆದೀತು."

"ಆದೀತು," ಎಂದೆ.

ಇದರ ನಂತರ ನಾನು ಏನು ಹೇಳಿದೆ? 'ಆದರೆ ಇದು ಕುಡಿಯುವಂಥದ್ದಲ್ಲ' ಎಂದೆನೇ? 'ಆದರೆ' ಎಂದು ಬಾಯಿ ತೆರೆದದ್ದು ನೆನಪಾಗುತ್ತದೆ. ಬೆಲ್ಲು ಹೊಡೆದದ್ದು ನೆನಪಾಗುತ್ತದೆ. ಕೆಲವು ದಿನ ಎರಡೂ ಒಟ್ಟಿಗೆ ನೆನಪಾಗುತ್ತವೆ, ಕೆಲವು ದಿನ ಬೆಲ್ಲು ಮಾತ್ರ. ಆ ವಾಕ್ಯವನ್ನು ನಾನು ಆಮೇಲೆ ಎಷ್ಟು ಸಲ ಮನಸ್ಸಿನಲ್ಲಿ ಪೂರ್ತಿ ಮಾಡಿದ್ದೇನೆಂದರೆ, ಅಂದು ನಿಜವಾಗಿ ಆಡಿದೆನೋ ಇಲ್ಲವೋ ನನಗೇ ಗೊತ್ತಿಲ್ಲದಾಗಿದೆ. ನಾನು ಕ್ಲಾಸಿಗೆ ಹೋದೆ. ನನ್ನ ಮಾತನ್ನು ಕಿವಿಯಾರೆ ಕೇಳಿದ ಲಿಂಗಪ್ಪ ಬಾಟಲಿಯನ್ನು ಪಾಲಿಶಿಗೆಂದು ಅವರ ಕೈಗೆ ಕೊಟ್ಟ.

ಆಚಾರಿಯವರು ಕುಡುಕರಲ್ಲ. ಮೊದಲು ಸಂಜೆ ಒಂದು ಕುಡ್ತೆ ಕಳ್ಳು ಕುಡಿಯುತ್ತಿದ್ದರಂತೆ, ಕಾನೂನು ಬಂದ ಮೇಲೆ ಅದೂ ಬಿಟ್ಟುಹೋಗಿತ್ತು. ಆ ದಿನ ಸಂಜೆ ಮೇಜುಗಳನ್ನು ಮುಗಿಸಿ, ತೋಳು ಸೆಳೆತ ಎಂದು, ಉಳಿದದ್ದಕ್ಕೆ ನೀರು ಬೆಲ್ಲ ಬೆರೆಸಿ ಕುಡಿದರು. ಪಾಲಿಶಿನ ಸ್ಪಿರಿಟು ಕುಡಿಯಬಾರದೆಂದು ಅವರಿಗೆ ಗೊತ್ತಿತ್ತು. ಅಷ್ಟು ವರ್ಷದಲ್ಲಿ ಒಮ್ಮೆಯೂ ಮುಟ್ಟಿರಲಿಲ್ಲ. ಆದರೆ ಓದು ಬಲ್ಲ ಮಾಷ್ಟ್ರೊಬ್ಬರು ಇದರ ಮೇಲೆ ಮದ್ಯದ ಸಾರ ಎಂದು ಬರೆದಿದ್ದರಲ್ಲ.

ಮರುದಿನ ಹನ್ನೊಂದರ ಹೊತ್ತಿಗೆ ಲ್ಯಾಬಿಗೆ ಹೋದಾಗ ಅವರು ಬಾಗಿಲಿನ ಚೌಕಟ್ಟು ಹಿಡಿದು ನಿಂತಿದ್ದರು. ಹೊರಗೆ ಕಣ್ಣು ಕುಕ್ಕುವ ಬಿಸಿಲು.

"ಇವತ್ತೆಂತ ಮಾಷ್ಟ್ರೆ, ಇಷ್ಟು ಮಂಜು?" ಎಂದರು.

ನನಗೆ ಆ ಕ್ಷಣವೇ ಗೊತ್ತಾಯಿತು. ಮೀಥೈಲ್ ಆಲ್ಕೋಹಾಲ್ ಮೊದಲು ಕಣ್ಣನ್ನು ತಿನ್ನುತ್ತದೆ ಎಂದು ಓದಿದ್ದೆ. ಮೇಜಿನ ಮೇಲಿದ್ದ ಬಾಟಲಿಯತ್ತ ನೋಡಿದೆ, ತಳ ಕಾಣುತ್ತಿತ್ತು. ಅಷ್ಟರಲ್ಲಿ ಅವರು ಹೊಟ್ಟೆ ಹಿಡಿದು ಕುಸಿದರು, ವಾಂತಿ ಮಾಡಿದರು. ಜನ ಸೇರಿದರು. ಹೆಡ್‌ಮಾಷ್ಟ್ರು ಒಂದು ಬಾಡಿಗೆ ಕಾರು ತರಿಸಿ ಮಂಗಳೂರಿನ ಆಸ್ಪತ್ರೆಗೆ ಸಾಗಿಸಲು ಓಡಾಡಿದರು. ಕಾರು ಹೊರಡುವಾಗ ನನ್ನ ಹೆಗಲು ಮುಟ್ಟಿ, "ನೀವು ಸೈನ್ಸಿನವರು, ಒಟ್ಟಿಗೆ ಹೋಗಿ. ಡಾಕ್ಟ್ರಿಗೆ ಹೇಳ್ಲಿಕ್ಕೆ ಒಬ್ಬರು ಬೇಕಲ್ಲ," ಎಂದರು.

ನಾನು ಅಂದೆ: "ಲ್ಯಾಬಿನಲ್ಲಿ ಏನಾದರೂ ಕಡಿಮೆಯಾಗಿದೆಯಾ ಮೊದಲು ನೋಡುತ್ತೇನೆ ಸರ್."

ಕಾರು ಹೋಯಿತು. ನಾನು ಲ್ಯಾಬಿನ ಬಾಗಿಲು ಹಾಕಿಕೊಂಡೆ. ಒದ್ದೆ ಬಟ್ಟೆ ಇಟ್ಟು ಆ ಚೀಟಿಯನ್ನು ನೆನೆಸಿ ತೆಗೆದೆ. ಅದೊಂದನ್ನೇ ತೆಗೆದರೆ ಅನುಮಾನ ಬರುತ್ತದೆಂದು ವಿಷದ ಬಾಟಲಿಗಳೆಲ್ಲದರ ಕನ್ನಡ ಚೀಟಿಗಳನ್ನೂ ತೆಗೆದೆ. ಹೊಸ ಕಾಗದ ಕತ್ತರಿಸಿ ಇಂಗ್ಲಿಷಿನಲ್ಲಿ ಹೆಸರು ಬರೆದು, ಕೆಳಗೆ 'ಪಾಯಿಸನ್' ಎಂದು ಬರೆದೆ. ಹೊಸತಾಗಿ ಕಾಣಬಾರದೆಂದು ಚಹಾದ ನೀರು ಒರೆಸಿದೆ. ಇಷ್ಟು ಜಾಗ್ರತೆ ಮಾಡಿದವನು ಗಾಬರಿಯಲ್ಲಿ ಮಾಡಿದೆ ಎನ್ನುವ ಹಾಗಿಲ್ಲ. ಆದರೆ ಅದನ್ನು ಮಾಡುತ್ತಿದ್ದ ಕೈ ನನ್ನದೇ ಎಂದು ಆಗ ಅನ್ನಿಸುತ್ತಿರಲಿಲ್ಲ — ಇದನ್ನು ನಾನು ವಿನಾಯಿತಿಗಾಗಿ ಹೇಳುತ್ತಿಲ್ಲ, ಅರ್ಥವಾಗದೆ ಹೇಳುತ್ತಿದ್ದೇನೆ.

ಆಸ್ಪತ್ರೆಯಲ್ಲಿ ಅವರನ್ನು ಕಳ್ಳಭಟ್ಟಿ ಕುಡಿದವರೆಂದು ತಿಳಿದು ಆರೈಕೆ ಮಾಡಿದರಂತೆ. ಅವರು ಕುಡಿದದ್ದು ಏನೆಂದು ಡಾಕ್ಟರರಿಗೆ ಸರಿಯಾಗಿ ತಿಳಿದದ್ದು ಮೂರನೆಯ ದಿನ. ಜೀವ ಉಳಿಯಿತು. ಕಣ್ಣು ಬರಲಿಲ್ಲ.

ವಿಷಯ ಪೇಪರಿಗೆ ಹೋಗಬಾರದು, ಪೊಲೀಸರಿಗೂ ಹೋಗಬಾರದು ಎಂದು ಆಡಳಿತದವರು ತಮ್ಮೊಳಗೇ ವಿಚಾರಣೆ ಮಾಡಿದರು. ಮೇಜಿನ ಮೇಲೆ ಆ ಬಾಟಲಿ. ಆ ಮೇಜಿಗೆ ಪಾಲಿಶ್ ಮಾಡಿದವರು ಆಸ್ಪತ್ರೆಯಲ್ಲಿ. ಆಚಾರಿಯವರು 'ಮದ್ಯಸಾರ ಅಂತ ಬರೆದಿತ್ತು' ಎಂದು ಮಲಗಿದ್ದಲ್ಲಿಂದಲೇ ಹೇಳಿದ್ದರು. ಹೆಡ್‌ಮಾಷ್ಟ್ರು ನನ್ನನ್ನು ಕೇಳಿದರು: "ಈ ಬಾಟಲಿಗೆ ಕನ್ನಡ ಚೀಟಿ ಹಾಕಿದ್ದಿರಾ?"

"ಇಲ್ಲ ಸರ್, ವಿಷದ ಬಾಟಲಿಗಳನ್ನು ನಾನು ಮುಟ್ಟಿಲ್ಲ. ಅದರ ಮೇಲೆ ಪಾಯಿಸನ್ ಅಂತಲೇ ಇತ್ತು. ಕುಡಿಯುವಂಥದ್ದಲ್ಲ ಅಂತ ಅವರಿಗೆ ಬಾಯಲ್ಲೂ ಹೇಳಿದ್ದೆ."

ಮೂರು ವಾಕ್ಯ. ಎರಡು ಶುದ್ಧ ಸುಳ್ಳು. ಮೂರನೆಯದು ಸುಳ್ಳೋ ನಿಜವೋ ಗೊತ್ತಿಲ್ಲದೆ ನಿಜದ ಧ್ವನಿಯಲ್ಲಿ ಆಡಿದ್ದು.

ಅವರು ಲಿಂಗಪ್ಪನತ್ತ ತಿರುಗಿದರು. ಲಿಂಗಪ್ಪ ನನ್ನನ್ನು ನೋಡಿದ. ಅಂಟು ಕಾಯಿಸಿದವನು ಅವನು, ಆ ಚೀಟಿಯನ್ನು ಓದಿ ಅಂಟಿಸಿದವನು ಅವನು. ಒಂದು ಮಾತು ಸಾಕಿತ್ತು. ನಾನು ಆ ಮಾತಿಗಾಗಿ ಕಾದೆ — ಬರಲಿ ಎಂದು ಕಾದೆನೋ, ಬಾರದಿರಲಿ ಎಂದೋ.

"ಸಾರ್ ಹೇಳಿದ ಮೇಲೆ ಹಾಗೇ ಇರ್ಬೇಕು," ಎಂದ ಲಿಂಗಪ್ಪ. "ನಂಗೆ ಇಂಗ್ಲಿಷ್ ಓದ್ಲಿಕ್ಕೆ ಬರುದಿಲ್ಲ."

ಪಾನನಿರೋಧದ ಕಾಲದಲ್ಲಿ ಕುಡಿಯಲು ಶಾಲೆಯ ಸ್ಪಿರಿಟು ಕೊಟ್ಟವನೆಂದು ಅವನನ್ನು ಆ ದಿನವೇ ಕೆಲಸದಿಂದ ತೆಗೆದರು. ಪೊಲೀಸರಿಗೆ ಕೊಡದ್ದೇ ದೊಡ್ಡ ಉಪಕಾರವೆಂದು ಹೇಳಿ ಕಳಿಸಿದರು. ಅವನು ಲ್ಯಾಬಿನ ಬೀಗದ ಕೈಯನ್ನು ನನ್ನ ಮುಂದೆ ಇಟ್ಟು, ಎಂದಿನಂತೆ ಕೈ ಮುಗಿದು ಹೋದ. ಇನ್‌ಸ್ಪೆಕ್ಟರರು ಬಂದರು. ಕನ್ನಡ ಲ್ಯಾಬನ್ನು ನೋಡಿ ಮೆಚ್ಚಿದರು. ನನ್ನ ಬೆನ್ನು ತಟ್ಟಿದರು.

ಅಲ್ಲಿಂದ ಮುಂದೆ ಎಂಟೊಂಬತ್ತು ವರ್ಷ. ಪ್ರತಿ ವರ್ಷ ಆ ಪಾಠ ಬರುತ್ತಿತ್ತು. ಮಕ್ಕಳಿಗೆ ಆಲ್ಕೋಹಾಲ್ ಎಂದರೇನು ಎಂದು ಹೇಳಬೇಕಾದಾಗ ತಲೆಯೆತ್ತದೆ ಪುಸ್ತಕ ನೋಡಿ ಓದಿಬಿಡುತ್ತಿದ್ದೆ. ಒಂದು ವರ್ಷ 'ಮದ್ಯಸಾರ' ಎನ್ನದೆ 'ಆಲ್ಕೋಹಾಲ್' ಎಂದೇ ಕಲಿಸಿದೆ; ಕನ್ನಡದ ಅಭಿಮಾನ ಎಲ್ಲಿ ಹೋಯಿತು ಎಂದು ಪಂಡಿತರು ತಮಾಷೆ ಮಾಡಿದರು. ಮರುವರ್ಷ ಪುನಃ ಮದ್ಯಸಾರ ಎಂದೆ. ತಪ್ಪು ಕನ್ನಡದ್ದಲ್ಲ ಎಂದು ನನಗೆ ಗೊತ್ತಿತ್ತು. ಇಂಗ್ಲಿಷಿನವನೂ ಆ ಶಬ್ದದಲ್ಲಿ ಎಡವುತ್ತಾನೆ. ಕನ್ನಡದಲ್ಲಿ 'ವಿಷ' ಎಂದು ಬರೆಯಲು ಎರಡೇ ಅಕ್ಷರ ಸಾಕಿತ್ತು. ಆದರೂ ತಪ್ಪನ್ನು ಶಬ್ದದ ಮೇಲೆ ಹೊರಿಸಿದರೆ ನನ್ನ ಪಾಲು ಕಡಿಮೆಯಾಗುತ್ತದೆಯೇ ಎಂದು ಆಗಾಗ ತೂಗಿ ನೋಡುತ್ತಿದ್ದೆ.

ಸುಳ್ಯಕ್ಕೆ ವರ್ಗವಾಗಿ ಹೋದ ಮೇಲೆ ಅಲ್ಲಿಯ ಒಬ್ಬ ಡಾಕ್ಟರರ ಪರಿಚಯವಾಯಿತು. ಒಂದು ಸಂಜೆ, ಯಾರದ್ದೋ ಕಥೆ ಎಂಬಂತೆ, ಮೀಥೈಲ್ ಕುಡಿದವರಿಗೆ ಮದ್ದುಂಟೇ ಎಂದು ಕೇಳಿದೆ. ಅವರು ನಕ್ಕು, "ಉಂಟು ಮಾರಾಯ್ರೆ, ಕೇಳಿದ್ರೆ ನಗ್ತೀರಿ. ಇನ್ನೊಂದನ್ನು ಕುಡಿಸುದು. ಒಳ್ಳೆ ಸಾರಾಯಿ. ಅದು ಒಳಗೆ ಹೋಗಿ ಈ ಮೀಥೈಲಿನ ದಾರಿಗೆ ಅಡ್ಡ ನಿಲ್ತದೆ. ಆದ್ರೆ ಬೇಗ ಗೊತ್ತಾಗ್ಬೇಕು, ಕುಡಿದದ್ದು ಯಾವುದು ಅಂತ," ಎಂದರು. "ಅದೇ ದಿನ ಗೊತ್ತಾದ್ರೆ?" ಎಂದೆ. "ಅದೇ ದಿನ ಆದ್ರೆ ಕಣ್ಣು ಉಳಿದರೂ ಉಳಿದೀತು. ಹೇಳ್ಲಿಕ್ಕಾಗುದಿಲ್ಲ," ಎಂದರು.

ನನಗೆ ಆ ಕಾರಿನ ಬಾಗಿಲು ಕಂಡಿತು. ನನಗಾಗಿ ತೆರೆದೇ ಇದ್ದ ಬಾಗಿಲು.

ಅದಾಗಿ ಕೆಲವು ತಿಂಗಳಿಗೆ ಒಂದು ಮದುವೆಗೆಂದು ಆಲಂಕಾರು ಎಂಬ ಊರಿಗೆ ಹೋದೆ. ಊಟ ಮುಗಿಸಿ ಬಸ್ಸು ಕಾಯುತ್ತಿದ್ದಾಗ ರಸ್ತೆಯ ಪಕ್ಕದ ಮರದ ಡಿಪೋದಲ್ಲಿ ಒಬ್ಬರು ಕುಳಿತದ್ದು ಕಂಡಿತು. ಜನ ಮರದ ಚಕ್ಕೆ ತಂದು ಅವರ ಕೈಗೆ ಕೊಡುತ್ತಿದ್ದರು. ಅವರು ತಡವಿ, ಮೂಗಿಗೆ ಹಿಡಿದು, "ಕಿರಾಲ್‌ಬೋಗಿ ಮರ ಇದು. ಒಳ್ಳೆದುಂಟು, ತಗೊಳ್ಳಿ," ಎನ್ನುತ್ತಿದ್ದರು. ಮಹಾಬಲ ಆಚಾರಿಯವರು. ಕಣ್ಣು ಹೋದ ಮೇಲೆ ತಂಗಿಯ ಮನೆಗೆ ಬಂದು ಅಲ್ಲೇ ಇದ್ದರು. ನಾನು ತಿರುಗಿ ಹೋಗಬಹುದಿತ್ತು, ಅವರಿಗೆ ಕಾಣುತ್ತಿರಲಿಲ್ಲ. ಅದೇ ಕಾರಣಕ್ಕೆ ಹೋಗಲಾಗಲಿಲ್ಲವೋ ಏನೋ. ಹತ್ತಿರ ಹೋಗಿ ಹೆಸರು ಹೇಳಿದೆ.

ಅವರು ಎದ್ದು ನಿಂತರು. ಎರಡೂ ಕೈಯಲ್ಲಿ ನನ್ನ ಕೈ ಹಿಡಿದರು. ನನ್ನ ಕ್ಷೇಮ ಕೇಳಿದರು, ಮಕ್ಕಳೆಷ್ಟು ಎಂದು ಕೇಳಿದರು. ಆಮೇಲೆ ಧ್ವನಿ ತಗ್ಗಿಸಿ, "ನಿಮ್ಮತ್ರ ಒಂದು ಕೇಳ್ಬೇಕು ಅಂತ ಎಷ್ಟೋ ವರ್ಷದಿಂದ ಉಂಟು ಮಾಷ್ಟ್ರೆ," ಎಂದರು.

"ಕೇಳಿ."

"ನಾನು ಮದ್ಯಸಾರ ಅಂತ ಓದಿದ್ದೇನೆ. ಕಪ್ಪು ಅಕ್ಷರ, ದಪ್ಪಕ್ಕೆ, ಚೆಂದ ಬರೆದದ್ದು. ಇವತ್ತಿಗೂ ಕಣ್ಣೆದುರು ಉಂಟು. ಆದ್ರೆ ಅಲ್ಲಿ ಇಂಗ್ಲಿಷ್‌ನಲ್ಲಿ ವಿಷ ಅಂತ ಇತ್ತು ಅಂತ ಎಲ್ಲರೂ ಹೇಳ್ತಾರೆ. ಹಾಗಾದ್ರೆ ನಾನು ಓದಿದ್ದು ಎಂತ? ಕುಡಿಯುವ ಮೊದಲೇ ನನ್ನ ಕಣ್ಣು ಕೆಟ್ಟಿತ್ತಾ? ಅಲ್ಲ, ತಲೆ ಕೆಟ್ಟಿತ್ತಾ? ಕಡೆಗೆ ಓದಿದ್ದು ಅದೊಂದೇ ಮಾಷ್ಟ್ರೆ. ಅದೂ ಸುಳ್ಳು ಅಂತಾದ್ರೆ, ಅದಕ್ಕಿಂತ ಮೊದಲು ನೋಡಿದ್ದನ್ನೆಲ್ಲ ಹೇಗೆ ನಂಬುದು? ನೀವು ಹೇಳಿ, ಅಲ್ಲಿ ಎಂತ ಇತ್ತು?"

ನನ್ನ ಬಸ್ಸು ಬಂತು. "ಈಗ ಸರಿಯಾಗಿ ನೆನಪಿಲ್ಲ ಆಚಾರಿಯವರೇ," ಎಂದೆ. ಹತ್ತಿ ಕುಳಿತೆ.

ಇಷ್ಟು ಕಾಲ ಅವರ ಕಣ್ಣು ಮಾತ್ರ ಹೋಯಿತೆಂದು ತಿಳಿದಿದ್ದೆ. ಕಂಡದ್ದರ ಮೇಲಿನ ನಂಬಿಕೆಯನ್ನೂ ಕಿತ್ತುಕೊಂಡಿದ್ದೆ ಎಂದು ಆವರೆಗೆ ತಿಳಿದಿರಲಿಲ್ಲ. ಬಾಟಲಿಯ ಚೀಟಿ ಕಿತ್ತಾಗ ಅವರ ನೆನಪಿನಿಂದಲೂ ಅದನ್ನು ಕೀಳಲು ಹೊರಟಿದ್ದೆ. ಎಂಟನೆಯ ದಿನ ರಜೆ ಹಾಕಿ ಪುನಃ ಆಲಂಕಾರಿಗೆ ಹೋದೆ. ಡಿಪೋದಲ್ಲಿ ಅವರೊಬ್ಬರೇ ಇದ್ದರು. ಕುಳಿತುಕೊಳ್ಳದೆಯೇ ಹೇಳಿದೆ: "ನೀವು ಓದಿದ್ದು ಸರಿ. ಅಲ್ಲಿ ಕಾಷ್ಠ ಮದ್ಯಸಾರ ಅಂತಲೇ ಇತ್ತು. ಬರೆದವನು ನಾನು. ನಿಮ್ಮನ್ನು ಆಸ್ಪತ್ರೆಗೆ ಒಯ್ದ ಮೇಲೆ ಚೀಟಿ ಬದಲಾಯಿಸಿದವನೂ ನಾನೇ."

ಅವರು ಕೈಯಲ್ಲಿದ್ದ ಚಕ್ಕೆಯನ್ನು ಒಮ್ಮೆ ತಿರುಗಿಸಿದರು. "ಹಾಗಾದ್ರೆ ನಾನು ಓದಿದ್ದು ಸರಿ," ಎಂದರು. ಬೈಗುಳ ಕೇಳಲು ಸಿದ್ಧವಾಗಿ ಬಂದವನಿಗೆ ಅವರ ಮುಖದಲ್ಲಿ ಮೊದಲು ಕಂಡದ್ದು ಸಮಾಧಾನ. ಅದನ್ನು ನೋಡಲಾಗಲಿಲ್ಲ.

"ಕುಡೀಬೇಡಿ ಅಂತ ನಾನು ಅಂದು ಹೇಳಿದ್ದೆನಾ?" ಎಂದು ಕೇಳಿಯೇಬಿಟ್ಟೆ. ನಾಚಿಕೆಯಿಲ್ಲದೆ.

"ಅದು ನಂಗೆ ನೆನಪಿಲ್ಲ ಮಾಷ್ಟ್ರೆ. ನೆನಪಿಲ್ಲದ್ದನ್ನು ಹೇಳುದು ಹೇಗೆ?" ಎಂದರು. ಆಮೇಲೆ, "ಲಿಂಗಪ್ಪಣ್ಣನಿಗೆ ಹೇಳಿದ್ರಾ?"

"ಇಲ್ಲ."

"ಅವನಿಗೆ ಹೇಳದೆ ನನ್ನತ್ರ ಬಂದದ್ದು ಎಂತಕ್ಕೆ? ಹೋಗಿ. ಅವನ ಹತ್ರ ಹೋಗಿ ಬನ್ನಿ, ಆಮೇಲೆ ಮಾತಾಡುವ," ಎಂದು ಮುಖ ಆಚೆ ತಿರುಗಿಸಿದರು.

ಲಿಂಗಪ್ಪ ಸುಳ್ಯದಿಂದ ಮೂರು ಮೈಲು ದೂರದಲ್ಲೇ ಇದ್ದ. ಅಷ್ಟು ಹತ್ತಿರ ಇದ್ದಾನೆಂದು ನನಗೆ ಮೊದಲೇ ಗೊತ್ತಿತ್ತು, ಆ ರಸ್ತೆಯಲ್ಲಿ ನಾನು ಹೋಗುತ್ತಿರಲಿಲ್ಲ. ಒಬ್ಬರ ರಬ್ಬರ್ ತೋಟದಲ್ಲಿ ಮರದ ಹಾಲನ್ನು ಆಮ್ಲ ಹಾಕಿ ಹೆಪ್ಪುಗಟ್ಟಿಸಿ ಹಾಳೆ ಮಾಡುವ ಕೆಲಸ ಅವನದು. ಶೆಡ್ಡಿನಲ್ಲಿ ಆಮ್ಲದ ಜಾಡಿಯ ಕುತ್ತಿಗೆಗೆ ಕೆಂಪು ಬಟ್ಟೆಯ ತುಂಡು ಕಟ್ಟಿದ್ದ. ಕೂದಲು ಪೂರ್ತಿ ನರೆತಿತ್ತು. ನನ್ನನ್ನು ಕಂಡು ಕೈ ತೊಳೆದು ಬಂದು, ಮಣೆ ಹಾಕಿದ. ಅವನ ಹೆಂಡತಿ ಬೆಲ್ಲ ನೀರು ತಂದಿಟ್ಟು, "ಕುಡಿಯನಿ," ಎಂದು ಮನೆಮಾತಿನಲ್ಲಿ ಹೇಳಿ ಒಳಗೆ ಹೋದಳು.

ಚೀಟಿಯ ಕಥೆಯನ್ನೆಲ್ಲ ಹೇಳಿದೆ. ನಾನು ಮುಗಿಸಿದ ಮೇಲೆ ಅವನು ಹೇಳಿದ: "ನಂಗೆ ಹೇಳಿ ಎಂತ ಆಗ್ಬೇಕು ಸಾರ್? ನಂಗೆ ಗೊತ್ತುಂಟಲ್ಲ. ಅಂಟಿಸಿದ್ದು ನಾನೇ ಅಲ್ವಾ."

"ಆ ದಿನ ಯಾಕೆ ಹೇಳಲಿಲ್ಲ ಲಿಂಗಪ್ಪ?"

"ನೀವು ಹೇಳ್ತೀರಿ ಅಂತ ನೋಡಿದೆ. ಹೇಳ್ಲಿಲ್ಲ. ಮತ್ತೆ ನಾನು ಹೇಳಿದ್ರೆ ಯಾರು ಕೇಳ್ತಿದ್ರು? ಸಾರಿನ ಮಾತಿಗೆ ಎದುರು ಅಟೆಂಡರಿನ ಮಾತು." ಮತ್ತೆ ಹೇಳಿದ: "ನನ್ನ ಅಪ್ಪ ಸಾಯುವವರೆಗೂ ನಾನು ಸ್ಪಿರಿಟ್ ಮಾರಿದವ ಅಂತಲೇ ತಿಳ್ಕೊಂಡಿದ್ರು. ಗೊತ್ತಿದ್ದವನಿಗೆ ಬಂದು ಹೇಳಿದ್ರೆ ಎಂತ ಬಂತು? ಗೊತ್ತಿಲ್ಲದವರಿಗೆ ಹೇಳಿ ಸಾರ್. ನಿಮ್ಗೆ ಬರೀಲಿಕ್ಕೆ ಬರ್ತದಲ್ಲ."

ಅವನ ಧ್ವನಿಯಲ್ಲಿ ಸಿಟ್ಟು ಇತ್ತೋ ಇಲ್ಲವೋ — ನನಗೆ ತಿಳಿಯಲಿಲ್ಲ. ಹೊರಡುವಾಗ ಅವನು ಕೈ ಮುಗಿಯಲಿಲ್ಲ. ಅದು ಸರಿಯಾಗಿಯೇ ಇತ್ತು.

ಅದಾಗಿ ಮತ್ತೆ ಎರಡು ವರ್ಷ ಕಳೆದೆ. ಬರೆಯುವುದು, ಹರಿಯುವುದು. ಶಾಲೆಯ ಆಡಳಿತದವರಿಗೆ ಲಿಂಗಪ್ಪನ ಮೇಲೆ ಹೊರಿಸಿದ ದೋಷ ಸುಳ್ಳು ಎಂದು ನನ್ನ ರುಜು ಹಾಕಿದ ಪತ್ರವನ್ನು ಕಳೆದ ತಿಂಗಳು ಕಳಿಸಿದೆ. ಹಳೆಯ ಸಂಗತಿ, ಯಾಕೆ ಕೆದಕುತ್ತೀರಿ ಎಂದು ಉತ್ತರ ಬಂತು. ಆದ್ದರಿಂದ ಗೊತ್ತಿಲ್ಲದವರಿಗೆ, ಅಂದರೆ ನಿಮಗೆ, ಹೇಳುತ್ತಿದ್ದೇನೆ. ಲಿಂಗಪ್ಪ ಸ್ಪಿರಿಟು ಮಾರಲಿಲ್ಲ. ಕುಡಿಯಲೆಂದು ಕೊಡಲಿಲ್ಲ. ಮಹಾಬಲ ಆಚಾರಿಯವರು ಓದಿದ್ದು ಸರಿಯಾಗಿತ್ತು.

ಇನ್ನೊಂದು ಉಳಿದಿದೆ. ಅಂದು ನಾನು ಕಾರು ಹತ್ತಿ, ಇವರು ಕುಡಿದದ್ದು ಮೀಥೈಲ್ ಎಂದು ಒಂದು ಮಾತು ಡಾಕ್ಟರರಿಗೆ ಹೇಳಿದ್ದರೆ ಅವರ ಕಣ್ಣು ಉಳಿಯುತ್ತಿತ್ತೋ ಏನೋ ಎಂಬುದನ್ನು ನಾನು ಆಚಾರಿಯವರಿಗೆ ಹೇಳಿಲ್ಲ. ಲಿಂಗಪ್ಪನಿಗೂ ಹೇಳಿಲ್ಲ. ಚೀಟಿಯ ವಿಷಯ ಹೇಳುವಾಗ ಇದೊಂದನ್ನು ಬಿಟ್ಟೆ. ಚೀಟಿ ಬರೆದದ್ದು ಅಜ್ಞಾನ ಎನ್ನಬಹುದು. ಇದಕ್ಕೆ ಹಾಗೆನ್ನಲು ಬರುವುದಿಲ್ಲ, ಅವರು ಕುಡಿದದ್ದು ಏನೆಂದು ನನಗೆ ಗೊತ್ತಿತ್ತು.

ಈ ಬರಹವನ್ನು ಅಚ್ಚಿಗೆ ಕೊಡುವ ಮೊದಲು ಕೇಳಬೇಕಾದವರು ಅವರು. ಅವರು ತಾವಾಗಿ ಓದಲಾರರು. ನಾಳೆ ಬೆಳಗಿನ ಬಸ್ಸಿಗೆ ಆಲಂಕಾರಿಗೆ ಹೋಗುತ್ತೇನೆ. ಮೊದಲಿನಿಂದ ಕೊನೆಯವರೆಗೆ, ಈ ಪುಟವನ್ನೂ ಬಿಡದೆ, ಅವರ ಮುಂದೆ ಕುಳಿತು ಗಟ್ಟಿಯಾಗಿ ಓದುತ್ತೇನೆ. ಅವರು ಎಲ್ಲಾದರೂ 'ಅದು ಹಾಗಲ್ಲ' ಎಂದರೆ ಅಲ್ಲಿ ತಿದ್ದುತ್ತೇನೆ. ಎದ್ದು ಹೋಗಿ ಎಂದರೆ ಎದ್ದು ಬರುತ್ತೇನೆ.